ನೆಲದಿಂದ 40 ಮೀಟರ್ ಕೆಳಗೊಂದು ‘ರೀ...’

ನನ್ನ ಸೊಂಟದ ಸುತ್ತಳತೆ ಎಷ್ಟು ಅಂತ ಯಾರಾದರೂ ಕೇಳಿದರೆ ನಾನು ಮಾತು ಬದಲಿಸುತ್ತೇನೆ. ಪ್ಯಾಂಟು ಹೊಲಿಯುವವನು ಟೇಪು ಹಿಡಿದಾಗಲೂ ಉಸಿರು ಒಳಗೆಳೆದುಕೊಂಡು ಒಂದಿಂಚು ಕದಿಯುತ್ತೇನೆ. ಆದರೆ ಇಟಲಿಯ ನೇಪಲ್ಸ್ ಊರಿನ ಕೆಳಗೆ ಒಂದು ಕಲ್ಲಿನ ಸಂದಿ ಇದೆ. ಅದಕ್ಕೆ ಮಾತ್ರ ನನ್ನ ನಿಜವಾದ ಅಳತೆ ಗೊತ್ತು.

ಮಗಳು, ಅಳಿಯ ಜರ್ಮನಿಯಲ್ಲಿದ್ದಾರೆ. ಮೈಸೂರಿನಿಂದ ನಾವಿಬ್ಬರು ಅಲ್ಲಿಗೆ ಹೋಗಿದ್ದಾಗ "ಅಪ್ಪ, ನಾಲ್ಕು ದಿನ ನೇಪಲ್ಸ್ ನೋಡ್ಕೊಂಡು ಬರೋಣ" ಅಂದಳು. ಸಮುದ್ರ, ವೆಸೂವಿಯಸ್ ಬೆಟ್ಟ, ಹೆಜ್ಜೆಗೊಂದು ಪಿಜ್ಜಾ ಅಂಗಡಿ. ಹೂಂ ಅನ್ನದೆ ಇರಲಿಕ್ಕೆ ಕಾರಣವೇ ಇರಲಿಲ್ಲ. ಅವಳು ಎಲ್ಲಕ್ಕಿಂತ ಮೊದಲು ಟಿಕೆಟ್ ತೆಗೆದಿಟ್ಟಿದ್ದು ನೆಲದ ಕೆಳಗಿನ ಊರಿಗೆ ಅಂತ ಗೊತ್ತಾಗಿದ್ದು ಅಲ್ಲಿಗೆ ಹೋಗಿ ಇಳಿದ ಮೇಲೆ.

"ಅಲ್ಲ ಕಣೇ, ದುಡ್ಡು ಕೊಟ್ಟು ಬಾವಿಗೆ ಇಳಿಯೋದಾ?" ಅಂದಳು ನನ್ನ ಹೆಂಡತಿ.

ಅವಳು ಅಂದಿದ್ದು ತಮಾಷೆಗೆ. ಆದರೆ ಅದು ನಿಜಕ್ಕೂ ಬಾವಿಯೇ. ನೇಪಲ್ಸ್ ಊರು ನಿಂತಿರುವುದು ಟಫ್ ಅನ್ನುವ ಹಳದಿ ಕಲ್ಲಿನ ಮೇಲೆ. ಜ್ವಾಲಾಮುಖಿಯ ಬೂದಿ ಗಟ್ಟಿಯಾಗಿ ಆದ ಕಲ್ಲು. ಕಡಿಯುವುದು ಸುಲಭ, ಹೊರುವುದಕ್ಕೂ ಹಗುರ. ನಮ್ಮ ಕರಾವಳಿಯವರು ಮುರಕಲ್ಲು ಕಡಿದ ಹಾಗೆ ಎರಡು ಸಾವಿರ ವರ್ಷಗಳಿಗೂ ಹಿಂದೆ ಗ್ರೀಕರು ಇಲ್ಲಿ ಕಲ್ಲು ಕಡಿದು ಮೇಲೆ ಊರು ಕಟ್ಟಿದರು. ಕೆಳಗೆ ದೊಡ್ಡ ದೊಡ್ಡ ಪೊಳ್ಳು ಉಳಿಯಿತು. ರೋಮನ್ನರು ಬಂದು ಅದಕ್ಕೆ ಕಾಲುವೆ ಜೋಡಿಸಿ ನೀರು ಹರಿಸಿದರು. ಮೇಲಿನ ಮನೆಯವರು ಅಂಗಳದಲ್ಲಿ ಬಾವಿ ತೋಡಿ ಕೊಡ ಇಳಿಬಿಟ್ಟರೆ ಆಯಿತು. 1884ರಲ್ಲಿ ಕಾಲರಾ ಬಂದು ಸಾವಿರಾರು ಜನ ಸಾಯುವವರೆಗೂ ಊರು ಈ ನೀರನ್ನು ಕುಡಿಯುತ್ತಿತ್ತು. ಮರುವರ್ಷ ದೂರದ ಬೆಟ್ಟದಿಂದ ಕೊಳವೆಯಲ್ಲಿ ಬೇರೆ ನೀರು ಬಂತು. ಈ ಹೊಟ್ಟೆ ಖಾಲಿಯಾಯಿತು.

ಹಿಂದಿನ ರಾತ್ರಿ ಮಗಳು ಇನ್ನೊಂದು ಕತೆಯನ್ನೂ ಹೇಳಿದ್ದಳು. ಈ ಬಾವಿಗಳನ್ನು ಚೊಕ್ಕ ಮಾಡುವುದಕ್ಕೆ ಪೊಜ್ಜಾರಿ ಅಂತ ಕೆಲಸದವರಿದ್ದರಂತೆ. ಬಾವಿಯ ಗೋಡೆಯಲ್ಲಿ ಕೊರೆದ ಗೂಡುಗಳಿಗೆ ಕಾಲಿಟ್ಟು ಹತ್ತುವವರು. ಮನಸ್ಸು ಮಾಡಿದರೆ ಯಾರ ಮನೆಗೆ ಬೇಕಾದರೂ ಬಾವಿಯಿಂದಲೇ ಎದ್ದು ಬರಬಹುದು. ಹಾಗಾಗಿ ಊರಲ್ಲಿ ಮುನಾಚಿಯೆಲ್ಲೊ, ಅಂದರೆ ಪುಟ್ಟ ಸನ್ಯಾಸಿ ಅನ್ನುವ ದೆವ್ವದ ನಂಬಿಕೆ ಬೆಳೆಯಿತು ಅಂತ ಹಲವರು ಹೇಳುತ್ತಾರೆ. ಮನೆಯಲ್ಲಿ ಒಡವೆ ಕಾಣದಿದ್ದರೆ ಅವನು ಕದ್ದ. ಇದ್ದಕ್ಕಿದ್ದಂತೆ ಕಾಸು ಸಿಕ್ಕಿದರೆ ಅವನು ಮೆಚ್ಚಿ ಇಟ್ಟುಹೋದ. ಗಂಡ ಊರಲ್ಲಿಲ್ಲದಾಗ ಈ ಸನ್ಯಾಸಿ ಜಾಸ್ತಿ ಬರುತ್ತಿದ್ದನಂತೆ. ಮಗಳು ಇದನ್ನು ಅಮ್ಮನಿಗೆ ಮಾತ್ರ ಹೇಳಿದಳು. ನನಗೂ ಕೇಳಿಸಿತು.

ಮಾರನೇ ದಿನ ಹಳೇ ಊರಿನ ಚೌಕಕ್ಕೆ ಹೋದೆವು. ಪ್ಯಾತ್ಸ ಸಾನ್ ಗಯೆತಾನೊ ಅಂತ ಹೆಸರು. ಗ್ರೀಕರ ಕಾಲದಲ್ಲಿ ಸಂತೆ, ಸಭೆ ಎಲ್ಲ ನಡೆಯುತ್ತಿದ್ದ ಜಾಗ. ಇವತ್ತು ಅಲ್ಲಿ ನಡೆಯುವುದು ಸ್ಕೂಟರ್. ಎರಡು ಸಲ ಕಾಲು ಹಿಂದಕ್ಕೆ ತೆಗೆದುಕೊಂಡ ಮೇಲೆ ಅಳಿಯ ನನ್ನ ಕೈ ಹಿಡಿದು ರಸ್ತೆ ದಾಟಿಸಿದರು. ನಾನು ಅವರ ಮದುವೆಯಲ್ಲಿ ಕಾಲು ತೊಳೆದವನು. ಈಗ ಲೆಕ್ಕ ಚುಕ್ತಾ ಆಯಿತು.

ತಪ್ಪು ಶುರುವಾಗಿದ್ದು ಹೆಂಡತಿಯ ಕಾಳಜಿಯಿಂದ. "ಕೆಳಗೆ ಹೋದ್ಮೇಲೆ ಕಷ್ಟ. ಒಂದ್ಸಲ ಹೋಗಿ ಬಂದ್ಬಿಡಿ" ಅಂದಳು. ಹೋಗಿ ಬಂದೆ. ನೋಡಿದರೆ ಬಾಗಿಲಲ್ಲಿ ನಮ್ಮವರಿಲ್ಲ. ಇಪ್ಪತ್ತು ಮೂವತ್ತು ಜನ ಮೆಟ್ಟಿಲು ಇಳಿಯುತ್ತಿದ್ದಾರೆ. ನಮ್ಮವರು ಮುಂದೆ ಹೋಗಿರಬೇಕು ಅಂತ ನಾನೂ ಇಳಿದೆ. ನೂರಕ್ಕೂ ಹೆಚ್ಚು ಮೆಟ್ಟಿಲು. ನೆಲದಿಂದ ಸುಮಾರು 40 ಮೀಟರ್ ಕೆಳಗೆ. ಅಲ್ಲಿ ಫೋನಿಗೆ ಸಿಗ್ನಲ್ ಇರಲಿಲ್ಲ. ಗೈಡ್ ಹುಡುಗಿ ಬಾಯಿ ತೆರೆದಾಗ ಗೊತ್ತಾಯಿತು, ನಾನು ಬಂದಿದ್ದು ಇಟಾಲಿಯನ್ ಗುಂಪಿನ ಜೊತೆ.

ವಾಪಸ್ ಹತ್ತಬಹುದಿತ್ತು. ಆದರೆ ಅಷ್ಟು ಮೆಟ್ಟಿಲನ್ನು ಒಬ್ಬನೇ ಹತ್ತುವುದಕ್ಕಿಂತ ಬಾರದ ಭಾಷೆ ಕೇಳುವುದು ಸುಲಭ ಅನ್ನಿಸಿತು. ಮದುವೆಮನೆಯಲ್ಲಿ ಮಂತ್ರ ಯಾರಿಗೆ ಅರ್ಥವಾಗುತ್ತದೆ? ಎಲ್ಲರೂ ಅಕ್ಷತೆ ಹಾಕಿದಾಗ ನಾವೂ ಹಾಕುವುದಿಲ್ಲವೇ? ಇಲ್ಲೂ ಅದನ್ನೇ ಮಾಡಿದೆ. ಅವರು ತಲೆಯೆತ್ತಿದಾಗ ಎತ್ತಿದೆ. ಮೇಲೆ ಚೌಕಾಕಾರದ ಬಾವಿಬಾಯಿ, ಗೋಡೆಯಲ್ಲಿ ಉಳಿಯ ಗೀರುಗಳು. ಅವರು ನಕ್ಕಾಗ ನಕ್ಕೆ. ಗೈಡ್ ಹುಡುಗಿ ಭಾರಿ ಮಾತುಗಾರ್ತಿ, ಎರಡು ನಿಮಿಷಕ್ಕೊಮ್ಮೆ ನಗಿಸುತ್ತಿದ್ದಳು. ನನ್ನ ನಗು ಅರ್ಧ ಸೆಕೆಂಡು ತಡವಾಗಿ ಬರುತ್ತಿತ್ತು. ಬರುಬರುತ್ತಾ ರೂಢಿಯಾಗಿ ಆ ಅರ್ಧ ಸೆಕೆಂಡನ್ನೂ ಉಳಿಸಲು ಹೊರಟೆ. ಅವಳು ಮಾತು ನಿಲ್ಲಿಸಿದ ತಕ್ಷಣ ನಗುವುದು ಅಂತ ನಿರ್ಧರಿಸಿದೆ.

ಒಂದು ದೊಡ್ಡ ಕೋಣೆಗೆ ಬಂದೆವು. ಅವಳು ಏನೋ ಹೇಳಿದಳು. ನಿಲ್ಲಿಸಿದಳು. ನಾನು ಗಟ್ಟಿಯಾಗಿ ನಕ್ಕೆ.

ನಕ್ಕಿದ್ದು ನಾನೊಬ್ಬನೇ. ಕಲ್ಲಿನ ಗುಹೆ ನೋಡಿ, ಒಂದು ನಗುವನ್ನು ಅದು ನಾಲ್ಕು ಸಲ ವಾಪಸ್ ಕೊಟ್ಟಿತು. ಎಲ್ಲರೂ ತಿರುಗಿ ನೋಡಿದರು. ಆಮೇಲೆ ಕಣ್ಣಿಗೆ ಬಿತ್ತು, ಅಲ್ಲಿ ಒಂದು ಹಳೇ ಕಬ್ಬಿಣದ ಮಂಚ, ಮಕ್ಕಳ ಆಟಿಕೆ ಇಟ್ಟಿದ್ದರು. ಪಕ್ಕದಲ್ಲಿದ್ದ ಅಜ್ಜಿಯೊಬ್ಬರು ನನ್ನ ಮುಖ ನೋಡಿದರು. ಎಂಬತ್ತು ದಾಟಿದ ವಯಸ್ಸು, ಕೋಲೂ ಇಲ್ಲದೆ ಇಳಿದು ಬಂದಿದ್ದರು. ಬಯ್ಯುತ್ತಾರೆ ಅಂದುಕೊಂಡೆ. ಅವರು ಬೆರಳಿನಿಂದ ಮೇಲೆ ತೋರಿಸಿದರು. ಅಂಗೈಯನ್ನು ವಿಮಾನದ ಹಾಗೆ ತೇಲಿಸಿದರು. "ಬುಮ್" ಅಂದರು. ಎರಡೂ ಕಿವಿ ಮುಚ್ಚಿಕೊಂಡರು. ಕೊನೆಗೆ ಮೊಣಕಾಲಿಗಿಂತ ಸ್ವಲ್ಪ ಮೇಲೆ ಕೈಯಿಟ್ಟು ಒಂದು ಮಗುವಿನ ಎತ್ತರ ತೋರಿಸಿ, ಅದೇ ಕೈಯನ್ನು ತಮ್ಮ ಎದೆಗೆ ಮುಟ್ಟಿಸಿದರು.

ಎರಡನೇ ಮಹಾಯುದ್ಧದಲ್ಲಿ ನೇಪಲ್ಸ್ ಮೇಲೆ ಬಾಂಬು ಸುರಿದಾಗ ಜನ ಓಡಿ ಬಂದು ಅಡಗಿದ್ದು ಇಲ್ಲಿಗೇ. ಸೈರನ್ ಕೂಗಿದರೆ ಇಡೀ ಬೀದಿ ಕೆಳಗಿಳಿಯುತ್ತಿತ್ತು. ನಾನು ಕೈ ಮುಗಿದೆ. ಅವರು ನನ್ನ ಕೆನ್ನೆ ತಟ್ಟಿದರು. ಆಮೇಲೆ ಮೇಲೆ ಹೋಗುವವರೆಗೂ ನಾನು ಯಾವುದಕ್ಕೂ ನಗಲಿಲ್ಲ. ಒಂದೆರಡು ಜೋಕು ಒಳ್ಳೆಯವೇ ಇದ್ದಿರಬೇಕು.

ಆ ಗಂಭೀರ ಮುಖದಲ್ಲಿ ಇರುವಾಗಲೇ ಇನ್ನೊಂದು ಆಯಿತು. ಗೈಡ್ ಏನೋ ಕೇಳಿದಳು. ಕೆಲವರು ಪಕ್ಕಕ್ಕೆ ಸರಿದು ನಿಂತರು. ಅಜ್ಜಿಯೂ ಸರಿದರು. ಉಳಿದವರು ಫೋನಿನ ಟಾರ್ಚ್ ಹಚ್ಚಿಕೊಂಡು ಸಾಲಾಗಿ ಹೊರಟರು. ಓಹೋ, ಇದು ಹೊರಗೆ ಹೋಗುವ ದಾರಿ, ಸುಸ್ತಾದವರು ಕೂತಿರುತ್ತಾರೆ ಅಂದುಕೊಂಡು ನಾನೂ ಸಾಲಿಗೆ ಸೇರಿದೆ. ಅವಳು ಕೇಳಿದ್ದು "ಇಕ್ಕಟ್ಟು ಆಗದವರು, ಮೈ ದಪ್ಪ ಇರುವವರು ಇಲ್ಲೇ ಇರಿ" ಅಂತ.

ಅದು ಹಳೇ ನೀರಿನ ಕಾಲುವೆ. ಅಗಲ ಸುಮಾರು ಅರ್ಧ ಮೀಟರ್. ಎತ್ತರಕ್ಕೇನೂ ಕಡಿಮೆಯಿಲ್ಲ. ನೀರು ಉದ್ದಕ್ಕೆ ಹೋಗುತ್ತದೆ, ಅದಕ್ಕೆ ಅಗಲ ಯಾಕೆ ಅಂತ ರೋಮನ್ನರು ಯೋಚಿಸಿರಬೇಕು. ಅಡ್ಡಡ್ಡವಾಗಿ ಏಡಿಯ ಹಾಗೆ ಹತ್ತು ಹೆಜ್ಜೆ ಹೋದೆ. ಹನ್ನೊಂದನೆಯದಕ್ಕೆ ನಿಂತೆ. ನಾನು ನಿಂತಿದ್ದಲ್ಲ, ಗೋಡೆ ನಿಲ್ಲಿಸಿಕೊಂಡಿತು. ಸೊಂಟಕ್ಕೆ ಕಟ್ಟಿದ ಚೀಲದಲ್ಲಿ ಹೆಂಡತಿ ಕೊಟ್ಟ ಚಕ್ಕುಲಿ ಇತ್ತು. ಅದು ಪುಡಿಯಾಗುವ ಸದ್ದು ನನಗೂ ಹಿಂದಿದ್ದ ಹುಡುಗನಿಗೂ ಸ್ಪಷ್ಟವಾಗಿ ಕೇಳಿಸಿತು. ಅವನು ಹೆದರಿದ. ನನ್ನ ಎಲುಬು ಅಂದುಕೊಂಡಿರಬೇಕು.

ಈಗ ಚರಿತ್ರೆ ಕೇಳಿ. ಕ್ರಿಸ್ತಶಕ 536ರಲ್ಲಿ ಬೆಲಿಸೇರಿಯಸ್ ಅನ್ನುವ ಸೇನಾಪತಿ ನೇಪಲ್ಸ್‌ಗೆ ಮುತ್ತಿಗೆ ಹಾಕಿದ. ಕೋಟೆ ಬೀಳಲಿಲ್ಲ. ಆಗ ಅವನ ಸೈನಿಕರು ರಾತ್ರಿ ಹೊತ್ತು ಇಂಥದೇ ನೀರುಕಾಲುವೆಯಲ್ಲಿ ನುಸುಳಿ ಊರೊಳಗೆ ಬಂದು ಗೆದ್ದರು. 1442ರಲ್ಲಿ ಸ್ಪೇನ್ ಕಡೆಯ ಅರಗಾನ್ ರಾಜ್ಯದ ರಾಜ ಅಲ್ಫೋನ್ಸೊನ ಸೈನಿಕರೂ ಹೀಗೇ ಕಾಲುವೆಯಲ್ಲಿ ಬಂದು ಬಾವಿಯಿಂದ ಎದ್ದರು. ಕತ್ತಿ, ಗುರಾಣಿ, ಕವಚ ಎಲ್ಲ ಇಟ್ಟುಕೊಂಡು! ನನ್ನ ಹತ್ತಿರ ಇದ್ದಿದ್ದು ಆರು ಚಕ್ಕುಲಿ.

ಹಿಂದಿನ ಹುಡುಗ ಮೆಲ್ಲಗೆ ನೂಕಿದ. ಮುಂದಿನವರು ಕೈ ಹಿಡಿದು ಎಳೆದರು. ಅಷ್ಟರಲ್ಲಿ ಕತ್ತಲಿನ ಆ ತುದಿಯಿಂದ ಒಂದು ದನಿ ಬಂತು.

"ರೀ..."

ಮೈ ಜುಮ್ಮೆಂದಿತು. ಮುನಾಚಿಯೆಲ್ಲೊ ಅಂದುಕೊಂಡೆ. ಆದರೆ ಅವನು ಕನ್ನಡ ಯಾಕೆ ಮಾತಾಡುತ್ತಾನೆ?

"ರೀ... ಎಲ್ಲಿದೀರಿ? ಇವರೆಲ್ಲ ಯಾರೋ ದಪ್ಪಗಿರೋರು ಸಿಕ್ಕಿಹಾಕ್ಕೊಂಡಿದಾರೆ ಅಂತಿದಾರೆ. ನೀವೇನಾ?"

ಹೌದು ಅನ್ನಬೇಕೋ ಅಲ್ಲ ಅನ್ನಬೇಕೋ ತಿಳಿಯಲಿಲ್ಲ. ಆ ಪ್ರಶ್ನೆ ಕೇಳಿ ಬಿಟ್ಟ ನಿಟ್ಟುಸಿರಿನಲ್ಲಿ ಹೊಟ್ಟೆ ಒಳಗೆ ಹೋಯಿತು. ಬಿಡುಗಡೆಯಾಯಿತು. ಆಚೆ ಬದಿಯಲ್ಲಿ ದೀಪದ ಬೆಳಕಿಗೆ ಹಸಿರಾಗಿ ಹೊಳೆಯುವ ನೀರಿನ ತೊಟ್ಟಿ. ಅದರ ಪಕ್ಕದಲ್ಲಿ ಸೀರೆಯ ಮೇಲೆ ಸ್ವೆಟರ್ ಹಾಕಿಕೊಂಡು ಸೊಂಟದ ಮೇಲೆ ಕೈಯಿಟ್ಟು ನಿಂತ ನನ್ನ ಹೆಂಡತಿ. ಸುಂದರ ಜಾಗ. ಜಾಸ್ತಿ ಹೊತ್ತು ನೋಡಲಾಗಲಿಲ್ಲ, ಯಾಕೆಂದರೆ ವಾಪಸ್ ಬರುವ ದಾರಿಯೂ ಅದೇ ಸಂದಿ. ಈ ಸಲ ಚಕ್ಕುಲಿ ಪುಡಿಯಾಗಿತ್ತಲ್ಲ, ಸ್ವಲ್ಪ ಸಲೀಸಾಯಿತು.

ಮೇಲೆ ಬಂದ ಮೇಲೆ ಇಂಗ್ಲಿಷ್ ಗುಂಪಿನ ಜೊತೆ ಪಕ್ಕದ ಗಲ್ಲಿಗೆ ಹೋದೆವು. ಪ್ರವಾಸದ ಕೊನೆಯ ಭಾಗ ಅಲ್ಲಿ. ಬೀದಿಗೇ ಬಾಗಿಲಿರುವ ಒಂದು ಸಣ್ಣ ಮನೆ. ಬಸ್ಸೊ ಅನ್ನುತ್ತಾರೆ. ನಮ್ಮ ವಠಾರದ ಮನೆಗಳ ಹಾಗೆ. ಒಳಗೆ ಒಂದು ಮಂಚ, ಅದಕ್ಕೆ ಹೊದಿಕೆ. ನನ್ನ ಕಾಲು ನಡುಗುತ್ತಿತ್ತು. ಗೈಡ್ ಬಾಗಿಲಲ್ಲಿ ಏನೋ ವಿವರಿಸುತ್ತಿದ್ದ. ಯಾರೋ ಪುಣ್ಯಾತ್ಮರು ಸುಸ್ತಾದವರಿಗೆ ಅಂತಲೇ ಇಟ್ಟಿದ್ದಾರೆ ಅಂದುಕೊಂಡು ಮಂಚದ ಮೇಲೆ ಕೂತೆ. ಗೈಡ್ ಒಳಗೆ ಬಂದ. ನನ್ನನ್ನು ನೋಡಿದ. ಬಗ್ಗಿದ. ಮಂಚವನ್ನು ನನ್ನ ಸಮೇತ ತಳ್ಳಿದ.

ಮಂಚ ಸರಿಯಿತು. ಕೆಳಗೆ ನೆಲದಲ್ಲಿ ಒಂದು ಮುಚ್ಚಳ. ಅದನ್ನೆತ್ತಿದರೆ ಮೆಟ್ಟಿಲು. ಇಳಿದರೆ ರೋಮನ್ನರ ಕಾಲದ ರಂಗಮಂದಿರ! ಊರು ಅದರ ಮೇಲೆಯೇ ಮನೆ ಕಟ್ಟಿಕೊಂಡಿದೆ. ಇಟ್ಟಿಗೆಯ ಕಮಾನುಗಳು ಜನರ ನೆಲಮಾಳಿಗೆಗಳಾಗಿವೆ. ಮನೆಯವರು ಅಲ್ಲಿ ಸಾಮಾನು ಇಟ್ಟುಕೊಂಡು ಮೇಲೆ ಮಂಚ ಹಾಕಿ ಮಲಗುತ್ತಿದ್ದರಂತೆ. ನಮ್ಮ ಮನೆ ಮಂಚದ ಕೆಳಗೆ ಇರುವುದು ಹಳೇ ಟ್ರಂಕು, ಒಂದು ಕಾಲಿನ ಚಪ್ಪಲಿ.

ನೀರೋ ಚಕ್ರವರ್ತಿ ನೇಪಲ್ಸ್‌ನ ರಂಗಮಂದಿರದಲ್ಲಿ ಹಾಡಿದ್ದ. ರೋಮ್ ಉರಿಯುವಾಗ ಪಿಟೀಲು ಬಾರಿಸಿದ ಅಂತ ನಾವು ಶಾಲೆಯಲ್ಲಿ ಕಲಿತೆವಲ್ಲ, ಅವನೇ. ಆ ಕಾಲಕ್ಕೆ ಪಿಟೀಲೇ ಇರಲಿಲ್ಲ ಅನ್ನುವುದು ಬೇರೆ ಮಾತು. ಇಲ್ಲಿ ಅವನು ಹಾಡುವಾಗ ಭೂಮಿ ನಡುಗಿತಂತೆ. ಅವನು ಹಾಡು ಮುಗಿಸಿಯೇ ನಿಲ್ಲಿಸಿದನಂತೆ. ಅವನು ಹಾಡುವಾಗ ಯಾರೂ ಎದ್ದು ಹೋಗುವಂತಿರಲಿಲ್ಲ, ಕೆಲವರು ಸತ್ತಂತೆ ನಟಿಸಿ ಹೊರಗೆ ಹೊರಿಸಿಕೊಂಡು ಹೋಗುತ್ತಿದ್ದರು ಅಂತ ರೋಮನ್ ಚರಿತ್ರೆಕಾರ ಸ್ವೆಟೋನಿಯಸ್ ಬರೆದಿಟ್ಟಿದ್ದಾನೆ. ಈ ಉಪಾಯವನ್ನು ನಾನು ನೆನಪಿಟ್ಟುಕೊಂಡಿದ್ದೇನೆ. ಮೈಸೂರಿನಲ್ಲಿ ಸನ್ಮಾನ ಸಭೆಗಳು ಜಾಸ್ತಿ.

ಸಂಜೆ ತ್ರಿಬುನಾಲಿ ಬೀದಿಯಲ್ಲಿ ಪಿಜ್ಜಾಕ್ಕೆ ಕೂತೆವು. ಗ್ರೀಕರು ಹಾಕಿದ ರಸ್ತೆಯಂತೆ ಅದು. ಎರಡು ತುಂಡು ತಿಂದು ಮೂರನೆಯದಕ್ಕೆ ಕೈ ಹಾಕಿದಾಗ ಮಗಳು ಫೋನಿನಲ್ಲಿ ಏನೋ ತೋರಿಸಿದಳು. ನಾಳೆಗೆ ಇನ್ನೊಂದು ಸುರಂಗ. 1853ರಲ್ಲಿ ಆಗ ನೇಪಲ್ಸ್ ಆಳುತ್ತಿದ್ದ ಬೂರ್ಬನ್ ವಂಶದ ದೊರೆ ಅರಮನೆಯಿಂದ ತಪ್ಪಿಸಿಕೊಳ್ಳಲು ತೋಡಿಸಲು ಶುರು ಮಾಡಿದ್ದು. ಆಮೇಲೆ ಪೊಲೀಸರು ಹಿಡಿದ ಗಾಡಿಗಳನ್ನು ಅಲ್ಲೇ ತುಂಬಿದ್ದರಂತೆ. ತುಕ್ಕು ಹಿಡಿದ ಕಾರುಗಳು ಇನ್ನೂ ಹಾಗೇ ಇವೆ.

ನಾನು ಕೈಯನ್ನು ಹಿಂದಕ್ಕೆ ತೆಗೆದುಕೊಂಡೆ.

ಹೆಂಡತಿ ತಟ್ಟೆಯನ್ನು ನನ್ನ ಕಡೆಗೆ ತಳ್ಳಿದಳು. "ತಿನ್ನಿ ಸುಮ್ನೆ. ಕಾರೇ ಹಿಡಿಸಿದೆ ಅಂದ್ಮೇಲೆ ನೀವೂ ಹಿಡಿಸ್ತೀರಿ."