11 ಸಲ ಗೆದ್ದರೂ ಪಕ್ಷ ಬಿಡದ ಸಾಂಗೋಲೆಯ ಆಬಾ

ಕ್ಷೇತ್ರದ ಅಭಿವೃದ್ಧಿಗಾಗಿ ಪಕ್ಷ ಬಿಟ್ಟೆ ಅಂತ ಯಾವ ಶಾಸಕ ಹೇಳಿದರೂ ನನಗೆ ಗಣಪತರಾವ್ ದೇಶಮುಖ್ ನೆನಪಾಗುತ್ತಾರೆ. ನಮ್ಮ ವಿಜಯಪುರದ ಕಡೆ ಕೆಲವರಿಗಾದರೂ ಈ ಹೆಸರು ಗೊತ್ತಿದ್ದೀತು. ಬೆಂಗಳೂರು, ಮೈಸೂರು ಕಡೆ ಎಷ್ಟೋ ಜನ ಕೇಳಿಯೇ ಇರಲಿಕ್ಕಿಲ್ಲ.

ಸೊಲ್ಲಾಪುರ ಜಿಲ್ಲೆಯ ಸಾಂಗೋಲೆಯಿಂದ 11 ಸಲ ಮಹಾರಾಷ್ಟ್ರ ವಿಧಾನಸಭೆಗೆ ಗೆದ್ದವರು ಇವರು. ಮೊದಲ ಗೆಲುವು 1962ರಲ್ಲಿ, ಕೊನೆಯದು 2014ರಲ್ಲಿ. ನಡುವೆ ಸೋತದ್ದು ಎರಡೇ ಸಲ, 1972 ಮತ್ತು 1995ರಲ್ಲಿ. 1974ರ ಉಪಚುನಾವಣೆಯಲ್ಲಿ ಮತ್ತೆ ಗೆದ್ದರು, 1995ರ ಸೋಲಿನ ನಂತರ 1999ರಲ್ಲಿ ಮತ್ತೆ ಬಂದರು. ಸೋತಾಗಲೂ ಊರು ಬಿಡಲಿಲ್ಲ, ಪಕ್ಷವನ್ನೂ ಬಿಡಲಿಲ್ಲ. ಆ ಪಕ್ಷವಾದರೂ ಯಾವುದು? ಶೇತಕರಿ ಕಾಮಗಾರ ಪಕ್ಷ, ಅಂದರೆ ರೈತ ಕಾರ್ಮಿಕರ ಪಕ್ಷ. ಕೆಂಬಾವುಟದ ಸಣ್ಣ ಪಕ್ಷ, ವರ್ಷದಿಂದ ವರ್ಷಕ್ಕೆ ಇನ್ನೂ ಸಣ್ಣದಾಗುತ್ತಾ ಬಂದ ಪಕ್ಷ. 1978 ಮತ್ತು 1999ರ ಸಮ್ಮಿಶ್ರ ಸರ್ಕಾರಗಳಲ್ಲಿ ಮಂತ್ರಿಯಾಗಿದ್ದರು ನಿಜ. ಉಳಿದಂತೆ ಜಾಸ್ತಿ ಕೂತಿದ್ದು ವಿರೋಧ ಪಕ್ಷದ ಸಾಲಿನಲ್ಲೇ. ಎಸ್‌ಟಿ, ಅಂದರೆ ಮಹಾರಾಷ್ಟ್ರದ ಸರ್ಕಾರಿ ಬಸ್ಸಿನಲ್ಲಿ ಓಡಾಡುವ ಶಾಸಕ ಅಂತ ಹೆಸರಾಗಿದ್ದವರು. ಜನ ಪ್ರೀತಿಯಿಂದ ಆಬಾ ಅನ್ನುತ್ತಿದ್ದರು.

ಬಸ್ಸಿನ ಕಥೆಯನ್ನು ಎಲ್ಲರೂ ಹೇಳುತ್ತಾರೆ. ನನಗೆ ಅದಕ್ಕಿಂತ ದೊಡ್ಡದು ಅನಿಸುವುದು ನೀರಿನ ಕೆಲಸ. ಸಾಂಗೋಲೆ ಮಳೆ ಕಾಣದ ತಾಲೂಕು, ನಮ್ಮ ಇಂಡಿ, ಚಡಚಣದ ಹಾಗೆಯೇ. ಕೃಷ್ಣೆಯ ನೀರು ನದಿ ಪಕ್ಕದ ಕಬ್ಬಿಗೆ ಮಾತ್ರ ಯಾಕೆ, ಬರದ ತಾಲೂಕುಗಳಿಗೂ ಸಮನಾಗಿ ಹಂಚಿ ಅಂತ 1990ರ ದಶಕದಲ್ಲಿ ಸ್ವಾತಂತ್ರ್ಯ ಹೋರಾಟಗಾರ ನಾಗನಾಥ ಅಣ್ಣಾ ನಾಯಕವಾಡಿಯವರು ಸಾಂಗಲಿ ಜಿಲ್ಲೆಯ ಆಟಪಾಡಿಯಲ್ಲಿ ಪಾಣಿ ಪರಿಷತ್ತು, ಅಂದರೆ ನೀರಿನ ಸಮಾವೇಶ ಶುರು ಮಾಡಿದಾಗ, ಅವರ ಜೊತೆ ನಿಂತವರಲ್ಲಿ ಆಬಾ ಕೂಡ ಒಬ್ಬರು. ಕರಾಡದ ಹತ್ತಿರ ಕೃಷ್ಣೆಯಿಂದ ನೀರೆತ್ತುವ ಟೆಂಭು ಯೋಜನೆಗೆ ಆ ಚಳವಳಿಯ ಒತ್ತಡ ಇತ್ತು. ನೀರು ಬರೋದು ತುಂಬಾ ತಡವಾಯಿತು, ಅದನ್ನು ಮುಚ್ಚಿಡಬೇಕಿಲ್ಲ. ಆದರೆ ಅದೇ ತಾಲೂಕಿನಲ್ಲಿ ಸಹಕಾರಿ ನೂಲಿನ ಗಿರಣಿ ನಡೆಯಿತು, ದಾಳಿಂಬೆ ತೋಟಗಳು ಎದ್ದವು. ಆಡಳಿತ ಪಕ್ಷಕ್ಕೆ ಹಾರದಿದ್ದರೆ ಕೆಲಸ ಆಗಲ್ಲ ಅನ್ನುವವರು ಇದಕ್ಕೆ ಏನು ಹೇಳುತ್ತಾರೆ?

2019ರಲ್ಲಿ ನಮ್ಮ ಶಾಸಕರು ರಾಜೀನಾಮೆ ಕೊಟ್ಟು ಮುಂಬೈ ಹೋಟೆಲಿನಲ್ಲಿ ಕೂತಿದ್ದನ್ನು ನಾವೆಲ್ಲ ಟಿವಿಯಲ್ಲಿ ನೋಡಿದ್ದೇವೆ, ಅಲ್ವಾ? ಅದೇ ವರ್ಷ ವಯಸ್ಸಾಯಿತೆಂದು ಆಬಾ ಚುನಾವಣೆಗೆ ನಿಲ್ಲಲಿಲ್ಲ. ಅವರ ಮೊಮ್ಮಗ ನಿಂತು 768 ಮತಗಳಿಂದ ಸೋತರು. ಗೆದ್ದವರು ಶಿವಸೇನೆಯ ಶಹಾಜಿಬಾಪು ಪಾಟೀಲ್, 1995ರಲ್ಲಿ ಆಬಾರನ್ನು ಸೋಲಿಸಿದ್ದವರೂ ಅವರೇ. 2022ರ ಜೂನ್‌ನಲ್ಲಿ ಶಿವಸೇನೆಯಲ್ಲಿ ಬಂಡೆದ್ದ ಏಕನಾಥ ಶಿಂದೆ ಜೊತೆ ಗುವಾಹಟಿಗೆ ಹೋಗಿ, ಅಲ್ಲಿನ ಗಿಡ, ಗುಡ್ಡ, ಹೋಟೆಲನ್ನು ಹೊಗಳಿದ ಆ ಫೋನ್ ಮಾತು ದೇಶವೆಲ್ಲ ಹರಿದಾಡಿತಲ್ಲ, ಅದು ಇವರದ್ದೇ. ಸುಮಾರು 50 ವರ್ಷ ಒಬ್ಬರನ್ನೇ ನಂಬಿದ ತಾಲೂಕಿನ ಶಾಸಕ ಮೂರೇ ವರ್ಷದಲ್ಲಿ ರೆಸಾರ್ಟಿನಲ್ಲಿ ಇದ್ದದ್ದು ನೋಡಿ ನನಗೆ ನಗು ಬರಲಿಲ್ಲ, ಸಂಕಟವಾಯಿತು. ಅದನ್ನು ನೋಡಲು ಆಬಾ ಇರಲಿಲ್ಲ, 2021ರ ಜುಲೈ 30ರಂದು ತೀರಿಕೊಂಡಿದ್ದರು.

ಒಂದು ತಕರಾರೂ ಇದೆ, ಹೇಳಿಬಿಡುತ್ತೇನೆ. ಇಷ್ಟು ವರ್ಷ ಇದ್ದವರು ಮನೆಯ ಹೊರಗೆ ಒಬ್ಬ ಕಾರ್ಯಕರ್ತನನ್ನು ತಮ್ಮ ಜಾಗಕ್ಕೆ ಬೆಳೆಸಬೇಕಿತ್ತು. 2024ರಲ್ಲಿ ಸಾಂಗೋಲೆ ಮತ್ತೆ ಕೆಂಬಾವುಟಕ್ಕೆ ಬಂತು, ಗೆದ್ದವರು ಇನ್ನೊಬ್ಬ ಮೊಮ್ಮಗ ಬಾಬಾಸಾಹೇಬ್ ದೇಶಮುಖ್. ಇಡೀ ಮಹಾರಾಷ್ಟ್ರದಲ್ಲಿ ಆ ಪಕ್ಷಕ್ಕೆ ಸಿಕ್ಕಿದ್ದು ಅದೊಂದೇ ಸೀಟು. ಅವರು ಅಜ್ಜನ ಪಕ್ಷದಲ್ಲೇ ಉಳಿಯುತ್ತಾರಾ, ಎಷ್ಟೇ ಆಮಿಷ ಬಂದರೂ? ಉಳಿಯಲಿ ಅಂತ ನನ್ನ ಆಸೆ.