ಅರ್ಧ ಕಪ್ಪು, ಅರ್ಧ ಬಿಳಿ ಬಳಿದರೆ ದೇವತೆ ಆಗುವುದಿಲ್ಲ

ಬಹುಲೋಕದ ಕಥೆ ಬರೆಯುವ, ಕಾಮಿಕ್ಸ್ ಬಿಡಿಸುವ, ಗೇಮ್ ಕಟ್ಟುವ ನಮ್ಮ ಮಂಗಳೂರು-ಉಡುಪಿ ಕಡೆಯವರಿಗಾಗಿ ಇದು. ಇಬ್ಬಗೆಯ ದೇವತೆ ಅಂದ ಕೂಡಲೇ ಮುಖದ ನಡುವೆ ಗೆರೆ ಎಳೆದು ಒಂದು ಕಡೆ ಕಪ್ಪು, ಇನ್ನೊಂದು ಕಡೆ ಬಿಳಿ ತುಂಬುವುದನ್ನು ದಯವಿಟ್ಟು ನಿಲ್ಲಿಸಿ. ಅರ್ಧನಾರೀಶ್ವರನಲ್ಲಿ ಬಲಕ್ಕೆ ಶಿವ, ಎಡಕ್ಕೆ ಪಾರ್ವತಿ. ಹರಿಹರನಲ್ಲಿ ಬಲಕ್ಕೆ ಹರ, ಎಡಕ್ಕೆ ಹರಿ. ಅಲ್ಲಿ ಎರಡೂ ಒಟ್ಟಿಗೆ ಕಾಣಲೇಬೇಕು, ಕೂಡಿರುವುದರಲ್ಲೇ ಅರ್ಥ ಇರುವುದು. ನಿಮ್ಮ ದೇವತೆ ಇಬ್ಬಗೆಗೆ ಮಾತ್ರವಲ್ಲ, ನೋಟಕ್ಕೂ ಭ್ರಮೆಗೂ ಒಡತಿಯಾಗಿದ್ದರೆ ಅವಳ ಎರಡು ಮುಖ ಒಟ್ಟಿಗೆ ಯಾರಿಗೂ ಕಾಣಬಾರದು. ಅವಳನ್ನು ಎರಡು ಮಾಡಬೇಕಾದದ್ದು ನೋಡುವವರ ಕಣ್ಣು.

ಒಬ್ಬಳನ್ನು ಇಲ್ಲೇ ಕಟ್ಟಿ ನೋಡೋಣ. ಹೆಸರು ಇರ್ಗಣ್ಣಿ ಅಂತ ಇರಲಿ. ಒಂದು ಅಭಯ ಕೊಡುವ ಮುಖ, ಇನ್ನೊಂದು ಲೆಕ್ಕ ಕೇಳುವ ಮುಖ.

ನಿಯಮವನ್ನು ಕಣ್ಣಿನಿಂದಲೇ ತೆಗೆದುಕೊಳ್ಳಿ. ಒಂದು ಕಣ್ಣಿಗೆ ಒಂದು ಚಿತ್ರ, ಇನ್ನೊಂದಕ್ಕೆ ಪೂರಾ ಬೇರೆ ಚಿತ್ರ ತೋರಿಸಿದರೆ ಮಿದುಳು ಎರಡನ್ನೂ ಬೆರೆಸಿ ಮೂರನೆಯದನ್ನು ಮಾಡುವುದಿಲ್ಲ. ಕೆಲವು ಸೆಕೆಂಡು ಇದು, ಕೆಲವು ಸೆಕೆಂಡು ಅದು, ನಡುವೆ ಒಮ್ಮೊಮ್ಮೆ ತುಂಡು ತುಂಡಾಗಿ ಎರಡೂ. 1838ರಲ್ಲಿ ಸ್ಟೀರಿಯೋಸ್ಕೋಪ್ (ಒಂದೊಂದು ಕಣ್ಣಿಗೆ ಒಂದೊಂದು ಚಿತ್ರ ತೋರಿಸುವ ಸಾಧನ) ಬಗ್ಗೆ ಬರೆದ ಬ್ರಿಟಿಷ್ ವಿಜ್ಞಾನಿ ಚಾರ್ಲ್ಸ್ ವೀಟ್‌ಸ್ಟನ್ ಇದನ್ನು ಆಗಲೇ ಗುರುತಿಸಿದ್ದ. ಹಟ ಹಿಡಿದರೂ ಸಾಮಾನ್ಯವಾಗಿ ಒಂದೇ ಚಿತ್ರವನ್ನು ಬಹಳ ಹೊತ್ತು ನಿಲ್ಲಿಸಿಕೊಳ್ಳಲು ಆಗುವುದಿಲ್ಲ. ಇರ್ಗಣ್ಣಿಯ ಅರ್ಚಕ ಎಂಥ ಸಾಧಕನಾದರೂ ಯಾವ ಮುಖ ಎಷ್ಟು ಹೊತ್ತು ಅನ್ನುವುದು ಅವನ ಕೈಯಲ್ಲಿಲ್ಲ. ಕಥೆಗೆ ಭಯ ಬರುವುದು ಇಲ್ಲಿಂದ.

ಇನ್ನು ಅವಳು ಇರುವ ಜಾಗ. ಬಿಳಿ ಕಾಗದದಲ್ಲಿ 8 ಸೆಂ.ಮೀ. ಅಂತರ ಬಿಟ್ಟು ಎಡಕ್ಕೊಂದು ಕೂಡಿಸುವ ಗುರುತು, ಬಲಕ್ಕೊಂದು ಚುಕ್ಕೆ ಹಾಕಿ. ಎಡಗಣ್ಣು ಮುಚ್ಚಿ, ಬಲಗಣ್ಣಿನಿಂದ ಕೂಡಿಸುವ ಗುರುತನ್ನೇ ನೋಡುತ್ತಾ ಕಾಗದವನ್ನು ನಿಧಾನವಾಗಿ ಹತ್ತಿರ ತನ್ನಿ. ಸುಮಾರು 30 ಸೆಂ.ಮೀ.ಗೆ ಬರುವಾಗ ಚುಕ್ಕೆ ಮಾಯ. (ಮಾಯವಾಗದಿದ್ದರೆ ಕಣ್ಣು ಕದ್ದು ಚುಕ್ಕೆಯ ಕಡೆಗೇ ಹೋಗಿರುತ್ತದೆ, ಮತ್ತೊಮ್ಮೆ ಮಾಡಿ.) ನರ ಕಣ್ಣಿನಿಂದ ಹೊರಡುವಲ್ಲಿ ಬೆಳಕು ಹಿಡಿಯುವ ಕೋಶಗಳಿಲ್ಲ. ನೋಟದ ನಡುವಿನಿಂದ ಸುಮಾರು 15 ಡಿಗ್ರಿ ಹೊರಕ್ಕೆ ಇರುವ ಜಾಗ ಅದು. ಆದರೂ ಅಲ್ಲಿ ತೂತು ಕಾಣುವುದಿಲ್ಲ, ಸುತ್ತಲಿನ ಬಿಳಿಯನ್ನೇ ಮಿದುಳು ಅಲ್ಲಿಗೂ ತುಂಬುತ್ತದೆ. ಇರ್ಗಣ್ಣಿಯನ್ನು ಅಲ್ಲಿ ಕೂರಿಸಿ. ಅವಳ ದರ್ಶನಕ್ಕೆ ಒಂದು ಕಣ್ಣು ಮುಚ್ಚಲೇಬೇಕು. ಎರಡೂ ತೆರೆದರೆ ಒಂದರ ಕುರುಡು ಜಾಗವನ್ನು ಇನ್ನೊಂದು ನೋಡಿಬಿಡುತ್ತದೆ, ಅವಳು ಇರುವುದಿಲ್ಲ. ಹೀಗೆ ಪೂಜಾವಿಧಿಯೂ ಹುಟ್ಟಿತು, ಅವಳ ಶಕ್ತಿಗೆ ಒಂದು ಮಿತಿಯೂ ಸಿಕ್ಕಿತು. ಮಿತಿ ಇಲ್ಲದ ದೇವತೆ ಮೂರನೇ ಅಧ್ಯಾಯಕ್ಕೆ ಕಥೆಯನ್ನು ಕೊಂದುಹಾಕುತ್ತಾಳೆ.

ಲೋಕಗಳನ್ನು ಬೇರೆ ಮಾಡುವುದಕ್ಕೆ ಆಕಾಶದ ಬಣ್ಣ ಬದಲಿಸಿದರೆ ಸಾಲದು. ಪಾಜಕದಲ್ಲಿ ಹುಟ್ಟಿದ ಮಧ್ವಾಚಾರ್ಯರ ಊರಿನವರು ನಾವು, ಭ್ರಮೆಯ ಬಗ್ಗೆ ಶತಮಾನಗಳ ವಾದ ನಮ್ಮ ಬಗಲಲ್ಲೇ ಉಂಟು. ಮಲ್ಪೆಯ ಹೊಯ್ಗೆಯಲ್ಲಿ ಒಂದು ಚಿಪ್ಪು ಬೆಳ್ಳಿಯ ಹಾಗೆ ಕಂಡಿತು ಅನ್ನಿ. ಅದ್ವೈತಿಗಳ ಪ್ರಕಾರ ಆ ಬೆಳ್ಳಿ ಸತ್ತೂ (ಇರುವುದೂ) ಅಲ್ಲ, ಅಸತ್ತೂ (ಇಲ್ಲದ್ದೂ) ಅಲ್ಲ, ಹೀಗೇ ಅಂತ ಹೇಳಲಾಗದ ಅನಿರ್ವಚನೀಯ. ಪ್ರಾಭಾಕರ ಮೀಮಾಂಸಕರು (ವೇದವಾಕ್ಯಗಳ ಅರ್ಥ ವಿಚಾರಿಸುವ ಮೀಮಾಂಸೆಯಲ್ಲಿ ಪ್ರಭಾಕರನ ಪಂಥದವರು), ಎದುರಿನದರ ಕಾಣ್ಕೆಯೂ ಸರಿ, ಬೆಳ್ಳಿಯ ನೆನಪೂ ಸರಿ, ಎರಡೂ ಬೇರೆ ಅಂತ ಹೊಳೆಯಲಿಲ್ಲ ಅಷ್ಟೆ ಅನ್ನುತ್ತಾರೆ. ರಾಮಾನುಜರ ಮತದಲ್ಲಿ ಚಿಪ್ಪಿನೊಳಗೆ ಬೆಳ್ಳಿಯ ಅಂಶ ನಿಜವಾಗಿಯೂ ಇದೆ. ಮಧ್ವಮತದಲ್ಲಿ ಅಲ್ಲಿ ಬೆಳ್ಳಿ ಇಲ್ಲವೇ ಇಲ್ಲ, ಇಲ್ಲದ್ದು ಇದ್ದಂತೆ ಕಂಡಿತು. ಚಿಪ್ಪು ನಿಜ, ಹಿಂದೆಂದೋ ಕಂಡ ಬೆಳ್ಳಿಯೂ ನಿಜ.

ಒಂದೊಂದು ವಾದವನ್ನೂ ಒಂದೊಂದು ಲೋಕದ ಭೌತಶಾಸ್ತ್ರ ಮಾಡಿ. ಇರ್ಗಣ್ಣಿ ನಾಲ್ಕು ಲೋಕದಲ್ಲೂ ಅದೇ ಚಿಪ್ಪು ಕೊಡುತ್ತಾಳೆ. ಮೊದಲನೆಯದರಲ್ಲಿ ಜ್ಞಾನ ಆಗುವವರೆಗೆ ಆ ಬೆಳ್ಳಿಯಲ್ಲಿ ಸಾಮಾನು ಕೊಳ್ಳಬಹುದು. ಎರಡನೆಯದರಲ್ಲಿ ಬೆಳ್ಳಿಯನ್ನು ಎಂದೂ ಕಾಣದ ಮಗುವಿಗೆ ಬರೀ ಚಿಪ್ಪು. ಮೂರನೆಯದರಲ್ಲಿ ಅಕ್ಕಸಾಲಿಗ ಅರೆದು ಕಾಸಿ ಒಂದು ಕಣ ತೆಗೆದೇ ತೆಗೆಯುತ್ತಾನೆ. ನಾಲ್ಕನೆಯದರಲ್ಲಿ ಅದನ್ನು ನಂಬಿ ಮಾಡಿದ ಸಾಲ ಮಾತ್ರ ಉಳಿಯುತ್ತದೆ. ಒಂದೇ ವರ, ನಾಲ್ಕು ಪರಿಣಾಮ. ಕೊನೆಗೆ ಎಲ್ಲವೂ ಕನಸು ಅಂತ ಮಾತ್ರ ಮುಗಿಸಬೇಡಿ, ಓದುಗನಿಗೆ ಅದು ಮೋಸ. ಮಧ್ವರ ದ್ವೈತದಲ್ಲಿ ಸುಖದುಃಖವನ್ನು ನೇರ ಅರಿಯುವ ಒಳಗಿನ ಅರಿವು, ಅಂದರೆ ಸಾಕ್ಷಿ, ತಪ್ಪುವುದಿಲ್ಲ. ಭಕ್ತೆಗೆ ಆದ ನೋವು ಯಾವ ಲೋಕದಲ್ಲೂ ಸುಳ್ಳಾಗದಿರಲಿ.

ಒಂದು ಮಾತನ್ನು ಖಡಾಖಂಡಿತವಾಗಿ ಹೇಳಬೇಕು. ನಮ್ಮ ತುಳುನಾಡಿನ ದೈವಗಳ ಅಣಿ (ಬೆನ್ನಿಗೆ ಕಟ್ಟುವ ಅಲಂಕಾರ), ಗಗ್ಗರ (ಕಾಲಿನ ಗೆಜ್ಜೆ), ನುಡಿ, ಪಾಡ್ದನದ (ದೈವದ ಕಥೆ ಹೇಳುವ ಹಾಡು) ಸಾಲು ಎತ್ತಿ ಇಂಥ ಕಲ್ಪಿತ ದೇವತೆಗೆ ತೊಡಿಸಬೇಡಿ. ಅದು ಇಂದಿಗೂ ನಡೆಯುವ ಆರಾಧನೆ, ತಲೆತಲಾಂತರದಿಂದ ಕಟ್ಟುಕಟ್ಟಳೆಯಲ್ಲಿ ನಡೆಸುವ ಕುಟುಂಬಗಳಿವೆ. ಕಣ್ಣು, ತರ್ಕ, ಕಡಲು ಇಷ್ಟು ಇರುವಾಗ ಅಲ್ಲಿಗೆ ಕೈ ಹಾಕುವ ಅಗತ್ಯವೂ ಇಲ್ಲ.

ಮೂರ್ತಿಯ ಬದಲು, ಎಡದಿಂದ ಒಂದು ಮುಖ, ಬಲದಿಂದ ಇನ್ನೊಂದು ಮುಖ ಕಾಣುವಂತೆ ಕಾಗದ ಮಡಚಿ ಮಡಿಕೆ ಚಿತ್ರ ಮಾಡಿ. ತಲಾ 20 ಸೆಂ.ಮೀ. ಅಗಲದ ಎರಡು ಮುಖ ಬಿಡಿಸಿ, ಹಿಂದೆ ಪೆನ್ಸಿಲಿನಲ್ಲಿ ಸಂಖ್ಯೆ ಹಾಕಿ, 2 ಸೆಂ.ಮೀ. ಪಟ್ಟಿಗಳಾಗಿ ಕತ್ತರಿಸಿ. 40 ಸೆಂ.ಮೀ. ಅಗಲದ ದಪ್ಪ ಕಾಗದದ ಮೇಲೆ ಒಂದು ಇದರದ್ದು, ಒಂದು ಅದರದ್ದು ಅಂಟಿಸಿ, ಪ್ರತಿ 2 ಸೆಂ.ಮೀ.ಗೆ ಒಮ್ಮೆ ಮುಂದಕ್ಕೆ, ಒಮ್ಮೆ ಹಿಂದಕ್ಕೆ ಮಡಚಿ. ಮಡಿಕೆಯ ಗೆರೆಯನ್ನು ಶಾಯಿ ಮುಗಿದ ಪೆನ್ನಿನಲ್ಲಿ ಮೊದಲೇ ಒತ್ತಿಕೊಂಡರೆ ಅಂಚು ನೇರ ನಿಲ್ಲುತ್ತದೆ. ನೀರು ಬೆರೆಸಿದ ಗೋಂದು ಬೇಡ, ಪಟ್ಟಿ ಹಿಗ್ಗಿ ಕಣ್ಣು ಮೂಗು ಕೂಡುವುದಿಲ್ಲ. ಗ್ಲೂ ಸ್ಟಿಕ್ ಸಾಕು. ಮಡಚಿದ ಅಗಲ ಸುಮಾರು 28 ಸೆಂ.ಮೀ. ಇರುವಂತೆ ಹಿಂದಿನ ರಟ್ಟಿಗೆ ಅಂಟಿಸಿ. ಎಡದಿಂದ ಅಭಯ, ಬಲದಿಂದ ಲೆಕ್ಕ. ನಮ್ಮ ಮಳೆಗಾಲದ ತೇವಕ್ಕೆ ಮಡಿಕೆ ಸಡಿಲಾಗಿ ಎರಡು ಮುಖವೂ ಒಟ್ಟಿಗೆ ಕಾಣತೊಡಗುತ್ತವೆ, ಹಾಗಾಗಿ ತುದಿ ಮಾತ್ರವಲ್ಲ, ಹಿಂಬದಿಯ ಪ್ರತಿ ಅಂಚನ್ನೂ ರಟ್ಟಿಗೆ ಕಚ್ಚಿಸಿ.