ಪರಿಹಾರದ ಹಣ ತಗೊಂಡರೆ ಕೋರ್ಟಿಗೆ ಹೋಗೋ ಹಾಗಿಲ್ವಾ?

"ಜಮೀನಿನ ಪರಿಹಾರದ ಹಣ ಮುಟ್ಟಿದರೆ ಮುಗೀತು, ಜಾಸ್ತಿ ಕೇಳೋ ಹಾಗಿಲ್ಲ" ಅನ್ನೋ ಸಂದೇಶ ವಾಟ್ಸಾಪ್‌ನಲ್ಲಿ ಓಡಾಡುತ್ತಿದೆ. ಇದು ಪೂರ್ತಿ ನಿಜವಲ್ಲ. 2013ರ ಭೂಸ್ವಾಧೀನ ಕಾಯ್ದೆಯ 77ನೇ ಸೆಕ್ಷನ್ ಪ್ರಕಾರ, ಮೊತ್ತ ಸಾಲದು ಎಂದು ಆಕ್ಷೇಪಿಸಿಯೇ ಹಣ ಪಡೆಯಬಹುದು. ರಸೀದಿಯಲ್ಲಿ ಸಹಿಯ ಮೇಲ್ಗಡೆ "ಮೊತ್ತ ಸಾಲದು, ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ" ಎಂದು ಬರೆಯಿರಿ. ಅದರ ಜೆರಾಕ್ಸ್ ಇಟ್ಟುಕೊಳ್ಳಿ. ಏನೂ ಬರೆಯದೆ ಸುಮ್ನೆ ಸಹಿ ಹಾಕಿದರೆ ಜಾಸ್ತಿ ಕೇಳುವ ಹಕ್ಕು ಹೋಗುತ್ತದೆ. ರೈತರು ಇಲ್ಲಿ ಎಡವಿದರೆ ನಿಜಕ್ಕೂ ಹೊಟ್ಟೆ ಉರಿಯುತ್ತದೆ.

ಆಮೇಲೆ 64ನೇ ಸೆಕ್ಷನ್ ಅಡಿ ಜಿಲ್ಲಾಧಿಕಾರಿಗೆ ಲಿಖಿತ ಅರ್ಜಿ ಕೊಡಬೇಕು. ಅವರು ಅದನ್ನು ಇಂಥ ಪರಿಹಾರದ ವಿವಾದಗಳನ್ನು ತೀರ್ಮಾನಿಸುವ ಪ್ರಾಧಿಕಾರಕ್ಕೆ ಕಳಿಸಬೇಕು. ಐತೀರ್ಪಿನ (ಪರಿಹಾರದ ಮೊತ್ತ ನಿಗದಿ ಮಾಡುವ ಆದೇಶದ) ದಿನ ನೀವು ಹಾಜರಿದ್ದರೆ ಗಡುವು 6 ವಾರ ಅಷ್ಟೇ. ಇಲ್ಲದಿದ್ದರೆ ನೋಟಿಸ್ ತಲುಪಿದ 6 ವಾರ ಅಥವಾ ಐತೀರ್ಪಿನಿಂದ 6 ತಿಂಗಳು, ಯಾವುದು ಮೊದಲೋ ಅದು.